ಅರಮನೆಯ ದಿನಚರಿಗಳ ಮರುಮುದ್ರಣಗಳನ್ನು ನಾನು ಓದುವ ಕ್ರಮ

ಅರಮನೆಯ ಒಳಗಿದ್ದು ಬರೆದವರ ದಿನಚರಿಗಳ ಹಸ್ತಪ್ರತಿಗಳು ಗ್ರಂಥಭಂಡಾರಗಳಲ್ಲಿ ಭದ್ರವಾಗಿರುವುದರಿಂದ ನನ್ನಂಥ ಸಾಮಾನ್ಯ ಓದುಗರಿಗೆ ದಕ್ಕುವುದು ಮರುಮುದ್ರಣಗಳು ಮಾತ್ರ. ಅಂಥ ಸಂಪುಟವೊಂದು ಕೈಗೆ ಬಂದಾಗ ನಾನು ಮೊದಲು ನೋಡುವುದು ಶೀರ್ಷಿಕೆ ಪುಟದ ಹಿಂಬದಿಯನ್ನು. ಇದು ಯಾವ ವರ್ಷದ ಅಚ್ಚನ್ನು ಅನುಸರಿಸಿದೆ, ಸಂಪಾದಿಸಿದವರು ಯಾರು, ಅವರಿಗೂ ಬರೆದವರಿಗೂ ಏನು ಸಂಬಂಧ ಎಂಬುದನ್ನು ಗುರುತು ಹಾಕಿಕೊಳ್ಳದೆ ಮುಂದಕ್ಕೆ ಹೋಗುವುದಿಲ್ಲ. ಹಳೆಯ ಅಚ್ಚನ್ನು ಸ್ಕ್ಯಾನ್ ಮಾಡಿ ಹೊರತಂದ ಅಗ್ಗದ ಪ್ರತಿಗಳಲ್ಲಿ ಈ ವಿವರ ಇರುವುದೇ ಇಲ್ಲ. ಆಗ ಮುನ್ನುಡಿಯ ಕೆಳಗಿನ ದಿನಾಂಕ, ಸಂಪುಟಗಳ ಸಂಖ್ಯೆ, ಅಡಿಟಿಪ್ಪಣಿಗಳ ಶೈಲಿ ಇವುಗಳಿಂದ ಮೂಲ ಅಚ್ಚನ್ನು ಪತ್ತೆ ಮಾಡಬೇಕಾಗುತ್ತದೆ.

ಈ ಅಭ್ಯಾಸ ನನಗೆ ಗಟ್ಟಿಯಾದದ್ದು ಫ್ಯಾನಿ ಬರ್ನಿಯ ದಿನಚರಿಯಿಂದ. ಕಾದಂಬರಿಗಾರ್ತಿಯಾಗಿ ಆಗಲೇ ಹೆಸರು ಮಾಡಿದ್ದ ಬರ್ನಿ 1786ರ ಜುಲೈನಲ್ಲಿ ಇಂಗ್ಲೆಂಡಿನ ರಾಣಿ ಷಾರ್ಲಟ್‌ಳ ಉಡುಪುಗಳ ಎರಡನೇ ಪಾಲಕಿಯಾಗಿ ಸೇರಿ, ವರ್ಷಕ್ಕೆ 200 ಪೌಂಡ್ ಸಂಬಳದ ಮೇಲೆ, ಆರೋಗ್ಯ ಕೈಕೊಟ್ಟು 1791ರಲ್ಲಿ ಬಿಡುಗಡೆ ಪಡೆಯುವವರೆಗೆ ಅಲ್ಲಿಯೇ ಇದ್ದಳು. ಮುಪ್ಪಿನಲ್ಲಿ ಆಕೆಯೇ ತನ್ನ ಕಾಗದಗಳನ್ನು ಮತ್ತೆ ಓದಿ ಎಷ್ಟೋ ಸಾಲುಗಳ ಮೇಲೆ ದಟ್ಟವಾಗಿ ಶಾಯಿ ಎಳೆದಳು. ಆಕೆ ತೀರಿಕೊಂಡ ಮೇಲೆ ತಂಗಿಯ ಮಗಳು ಷಾರ್ಲಟ್ ಬ್ಯಾರೆಟ್ 1842ರಿಂದ 1846ರ ನಡುವೆ ಏಳು ಸಂಪುಟಗಳನ್ನು ಹೊರತಂದಾಗ ಇನ್ನೊಂದು ಸುತ್ತು ಕತ್ತರಿ ಆಡಿತು. 1904-05ರಲ್ಲಿ ಆಸ್ಟಿನ್ ಡಾಬ್ಸನ್ ಟಿಪ್ಪಣಿಗಳನ್ನು ಸೇರಿಸಿ ಆರು ಸಂಪುಟಗಳಲ್ಲಿ ತಂದದ್ದು ಈ ಬ್ಯಾರೆಟ್ ಪಾಠವನ್ನೇ. ಹಸ್ತಪ್ರತಿಗೆ ಮರಳಿ ಹೋಗಿ, ಹೊಡೆದುಹಾಕಿದ ಸಾಲುಗಳನ್ನೂ ಸಾಧ್ಯವಾದಷ್ಟು ಓದಿ ತೆಗೆದ ವಿದ್ವತ್ ಆವೃತ್ತಿಯಲ್ಲಿ ಅರಮನೆಯ ವರ್ಷಗಳು ಅಚ್ಚಾದದ್ದು 2011ರಿಂದ ಈಚೆಗಷ್ಟೇ. ನನ್ನ ಮೇಜಿನ ಮೇಲೆ ಡಾಬ್ಸನ್ ಸಂಪುಟ ತೆರೆದಿರುತ್ತದೆ, ಗ್ರಂಥಾಲಯದಿಂದ ತಂದ ಹೊಸ ಆವೃತ್ತಿ ಪಕ್ಕದಲ್ಲಿರುತ್ತದೆ; ಒಂದೇ ದಿನಾಂಕದ ಬರಹ ಎರಡರಲ್ಲೂ ಎಲ್ಲಿ ಬೇರೆಯಾಗುತ್ತದೆಯೋ ಅಲ್ಲಿ ಪೆನ್ಸಿಲಿನಿಂದ ಗೆರೆ ಎಳೆಯುತ್ತೇನೆ, ನನ್ನ ಪ್ರತಿಯಲ್ಲಿ ಮಾತ್ರ.

ಹಾಗೆಂದು ಹಳೆಯ ಪಾಠವನ್ನು ಕಡೆಗಣಿಸುವಂತಿಲ್ಲ, ಏಕೆಂದರೆ ಅರಮನೆಯ ದಿನದ ಲಯ ಅದರಲ್ಲೇ ಸ್ಪಷ್ಟವಾಗಿ ಸಿಗುತ್ತದೆ. ಬೆಳಿಗ್ಗೆ ಆರಕ್ಕೆ ಎದ್ದು ಕರೆ ಬರುವುದನ್ನು ಕಾಯುವುದು. ಉಡುಪುಗಳನ್ನು ಇನ್ನೊಬ್ಬ ಸೇವಕಿ ಎತ್ತಿ ಕೊಡುವುದು, ಬರ್ನಿ ರಾಣಿಗೆ ತೊಡಿಸುವುದು. ಮಧ್ಯಾಹ್ನ ಮತ್ತೊಮ್ಮೆ ಅಲಂಕಾರ, ವಾರದಲ್ಲಿ ಎರಡು ದಿನ ತಲೆಗೂದಲು ಸುರುಳಿ ಮಾಡುವ ಕೆಲಸಕ್ಕೆ ಹೆಚ್ಚಿನ ಹೊತ್ತು. ಸಂಜೆ ಮೇಲಧಿಕಾರಿಣಿ ಶ್ವೆಲ್ಲೆನ್‌ಬರ್ಗ್‌ಳ ಜೊತೆ ಊಟ. ರಾತ್ರಿ ಹನ್ನೊಂದು ಹನ್ನೆರಡರ ನಡುವೆ ಕೊನೆಯ ಗಂಟೆ. ಕೂದಲಿಗೆ ಪೌಡರು ಹಾಕುವಾಗ ಬರ್ನಿಯ ಬಟ್ಟೆ ಹಾಳಾಗದಿರಲೆಂದು ರಾಣಿ ಆಕೆಯನ್ನು ಮೊದಲೇ ಹೊರಗೆ ಕಳುಹಿಸಿಬಿಡುತ್ತಿದ್ದಳಂತೆ. ಅಷ್ಟು ಸೂಕ್ಷ್ಮವಾಗಿ ಯೋಚಿಸುವ ಯಜಮಾನಿಗೆ, ಗಂಟೆಯ ಸದ್ದಿಗೆ ಕಿವಿಗೊಟ್ಟೇ ಕಳೆಯುವ ಆ ದಿನಗಳು ಒಬ್ಬ ಲೇಖಕಿಯನ್ನು ಹೇಗೆ ಸವೆಸುತ್ತವೆ ಎಂಬುದು ಹೊಳೆಯಲೇ ಇಲ್ಲ. ಕೆಲಸಕ್ಕೆ ಸೇರುವ ಮೊದಲೇ, 1785ರ ಡಿಸೆಂಬರಿನಲ್ಲಿ, ಆಕೆ ಅಕ್ಕನಿಗೆ ಬರೆದ ಪತ್ರವೊಂದರಲ್ಲಿ ರಾಜದಂಪತಿಗಳ ಮುಂದೆ ಕೆಮ್ಮಬಾರದು, ಸೀನಬಾರದು, ತಲೆಗೆ ಚುಚ್ಚಿದ ಪಿನ್ನು ನೆತ್ತಿಗೆ ಇಳಿದರೂ ಕೀಳಬಾರದು ಎಂದು ತಮಾಷೆ ಮಾಡಿದ್ದಳು. ಈ ಪತ್ರವನ್ನೂ ನಂತರದ ಬರಹಗಳನ್ನೂ ಒಟ್ಟಿಗೆ ಓದಿದರೆ ಆ ನಗೆ ಎಲ್ಲಿ ಉಡುಗಿತು ಎಂಬುದನ್ನು ದಿನಾಂಕ ಸಮೇತ ಗುರುತಿಸಬಹುದು.

ಇನ್ನೊಂದು ಕೆಲಸ ಹೆಸರುಗಳದ್ದು. ಬರ್ನಿ ಆಸ್ಥಾನದವರಿಗೆ ಅಡ್ಡಹೆಸರು ಇಡುತ್ತಾಳೆ: ಆಕೆಯ 'ಕರ್ನಲ್ ಫೇರ್ಲಿ' ನಿಜದಲ್ಲಿ ಸ್ಟೀಫನ್ ಡಿಗ್ಬಿ, 'ಕರ್ನಲ್ ವೆಲ್‌ಬ್ರೆಡ್' ಎಂದರೆ ರಾಜನ ಪರಿವಾರದ ರಾಬರ್ಟ್ ಫುಲ್ಕ್ ಗ್ರೆವಿಲ್. ನೋಟುಪುಸ್ತಕದ ಕೊನೆಯ ಹಾಳೆಗಳಲ್ಲಿ ಅಡ್ಡಹೆಸರು, ನಿಜವಾದ ಹೆಸರು, ಹುದ್ದೆ ಎಂದು ಮೂರು ಅಂಕಣ ಹಾಕಿಕೊಳ್ಳುವುದು ನನ್ನ ರೂಢಿ. ಇದರ ಲಾಭ ತಿಳಿಯುವುದು 1788ರ ನವೆಂಬರಿನಲ್ಲಿ. ರಾಜ ಮೂರನೇ ಜಾರ್ಜನ ಚಿತ್ತ ಕದಡಿದಾಗ ಬರ್ನಿ ತನ್ನ ಕೋಣೆಯಲ್ಲಿ ಕರೆಗಾಗಿ ಕಾಯುತ್ತಾ, ಅರಮನೆಯ ಅಸಹಜ ಮೌನವನ್ನೂ ಬಂದವರು ಹೇಳಿದ್ದನ್ನೂ ಬರೆಯುತ್ತಾಳೆ. ಗ್ರೆವಿಲ್ ಕೂಡ ದಿನಚರಿ ಇಟ್ಟಿದ್ದ. ಆತ ರೋಗಿಯ ಪಕ್ಕದಲ್ಲೇ ಇದ್ದವನು. ಒಬ್ಬಳು ಬಾಗಿಲ ಆಚೆ, ಇನ್ನೊಬ್ಬ ಈಚೆ. ಹೀಗೆ ಜೋಡಿಸಿ ಓದಿದಾಗ ಬರ್ನಿ ಕಣ್ಣಾರೆ ಕಂಡದ್ದು ಯಾವುದು, ಕೇಳಿ ಬರೆದದ್ದು ಯಾವುದು ಎಂಬುದು ತಾನಾಗಿ ಬೇರೆಯಾಗುತ್ತದೆ.

ಕತ್ತರಿ ಎಷ್ಟು ಆಳಕ್ಕೆ ಹೋಗಬಲ್ಲದು ಎಂಬುದಕ್ಕೆ ವಿಕ್ಟೋರಿಯಾ ರಾಣಿಯ ದಿನಚರಿಗಿಂತ ಬೇರೆ ಉದಾಹರಣೆ ಬೇಡ. 1832ರಿಂದ 1901ರವರೆಗೆ ಆಕೆ ಬರೆದದ್ದರಲ್ಲಿ ಪಟ್ಟಕ್ಕೆ ಬಂದ ನಂತರದ ಭಾಗವನ್ನು ಮಗಳು ಬಿಯಾಟ್ರಿಸ್ ತನಗೆ ಸರಿಕಂಡಷ್ಟು 111 ಸಂಪುಟಗಳಿಗೆ ನಕಲು ಮಾಡಿ, ಆ ಭಾಗದ ಮೂಲವನ್ನು ನಾಶಮಾಡಿದಳು. ಆಳ್ವಿಕೆಯ ಮೊದಲ ಕೆಲವು ವರ್ಷಗಳಿಗೆ ಮಾತ್ರ, ರಾಣಿಯ ಪತ್ರಗಳ ಸಂಪಾದಕರಲ್ಲೊಬ್ಬನಾದ ಲಾರ್ಡ್ ಈಷರ್ ಮಾಡಿಸಿದ್ದ ಬೆರಳಚ್ಚು ಪ್ರತಿ ಉಳಿದಿರುವುದರಿಂದ, ಆ ಭಾಗವನ್ನು ಬಿಯಾಟ್ರಿಸ್ ನಕಲಿನ ಜೊತೆಗಿಟ್ಟು ಓದಿದರೆ ಮಗಳ ಕೈವಾಡದ ಅಂದಾಜು ಸಿಗುತ್ತದೆ. ಉಳಿದ ದಶಕಗಳನ್ನು ಓದುವಾಗ ಆ ಅಂದಾಜೇ ನಮಗೆ ಆಧಾರ.

ದಿನಚರಿಯನ್ನು ಓದುವ ಈ ಕ್ರಮ ನೆನಪಿನ ಬರಹಗಳಿಗೆ ಹಾಗೆಯೇ ಒಗ್ಗುವುದಿಲ್ಲ. ಫ್ರಾನ್ಸಿನ ಡ್ಯೂಕ್ ಸೇಂಟ್ ಸಿಮೊನ್ ವರ್ಸೇಲ್ಸ್‌ನ ತನ್ನ ನೆನಪುಗಳಿಗೆ ಅಂತಿಮ ರೂಪ ಕೊಟ್ಟದ್ದು ಹದಿನಾಲ್ಕನೇ ಲೂಯಿ 1715ರಲ್ಲಿ ತೀರಿಕೊಂಡು ಎಷ್ಟೋ ವರ್ಷಗಳಾದ ಮೇಲೆ. ಘಟನೆಗಳ ಕ್ರಮಕ್ಕಾಗಿ ಆತ ನೆಚ್ಚಿದ್ದು ಡಾಂಜೊ ಎಂಬ ಆಸ್ಥಾನಿಕ 1684ರಿಂದ 1720ರವರೆಗೆ ಇಟ್ಟಿದ್ದ ನೀರಸ ದಿನಚರಿಯನ್ನು. ಅದರ ನೀರಸತೆಯನ್ನು ಹೀಯಾಳಿಸುತ್ತಲೇ ಅದಕ್ಕೆ ಟಿಪ್ಪಣಿಗಳನ್ನೂ ಬರೆದ. ಹಾಗಾಗಿ ಇವರಿಬ್ಬರ ವಿಷಯದಲ್ಲಿ ನಾನು ಮೊದಲು ಓದುವುದು ಡಾಂಜೊನ ಒಣ ಸಾಲುಗಳನ್ನು, ನಂತರ ಡ್ಯೂಕನ ವರ್ಣನೆಯನ್ನು. 1711ರ ಏಪ್ರಿಲಿನಲ್ಲಿ ಯುವರಾಜ ತೀರಿಕೊಂಡ ರಾತ್ರಿ ಇದಕ್ಕೆ ಒಳ್ಳೆಯ ಪರೀಕ್ಷೆ. ಸೇಂಟ್ ಸಿಮೊನ್ ಅಲ್ಲಿ ನೆರೆದವರ ಒಂದೊಂದೇ ಮುಖವನ್ನು ಓದುತ್ತಾ ಯಾರ ಅಳು ನಿಜ, ಯಾರದು ನಟನೆ ಎಂದು ತೀರ್ಪು ಕೊಡುತ್ತಾನೆ, ತನಗೂ ಒಳಗೊಳಗೆ ನಿರಾಳವಾಯಿತೆಂದು ಒಪ್ಪಿಕೊಳ್ಳುತ್ತಾನೆ. ಯಾರು ಯಾವಾಗ ಎಲ್ಲಿದ್ದರು ಎಂಬುದಕ್ಕೆ ನಾನು ಡಾಂಜೊನನ್ನು ನಂಬುತ್ತೇನೆ. ಆ ಮುಖಗಳಿಗೆ ಡ್ಯೂಕನ ಹೊರತು ಬೇರೆ ಗತಿಯಿಲ್ಲ, ಆದರೆ ಆತ ಯಾರ ಪಕ್ಷದವನು ಎಂಬುದನ್ನು ಪುಟದ ಅಂಚಿನಲ್ಲಿ ಮೊದಲೇ ಬರೆದುಕೊಂಡಿರುತ್ತೇನೆ.