ಶೆಫೀಲ್ಡ್‌ಗೆ ಹೊಸದಾಗಿ ಬಂದಿದ್ದೀರಾ? ಈಮ್ ಹಳ್ಳಿಗೆ ಒಮ್ಮೆ ಹೋಗಿ ಬನ್ನಿ

ಲಂಡನ್ ಆಮೇಲೆ ನೋಡಿದರಾಯಿತು. ಮೊದಲು ಪಕ್ಕದ ಪೀಕ್ ಡಿಸ್ಟ್ರಿಕ್ಟ್ ಬೆಟ್ಟಗಳಲ್ಲಿರುವ ಈಮ್ ಹಳ್ಳಿಗೆ ಹೋಗಿ. ಬೋರ್ಡ್ ನೋಡಿ 'ಎಯಾಮ್' ಅನ್ನಬೇಡಿ, 'ಈಮ್' ಅಂತಲೇ ಅನ್ನಿ.

1665ರಲ್ಲಿ ಲಂಡನ್ನಿನಿಂದ ಇಲ್ಲಿನ ದರ್ಜಿಯ ಮನೆಗೆ ಒಂದು ಬಟ್ಟೆ ಗಂಟು ಬಂತು. ಅದರಲ್ಲಿದ್ದ ಚಿಗಟಗಳ ಜೊತೆ ಪ್ಲೇಗೂ ಬಂತು ಅನ್ನುತ್ತಾರೆ. ಮರುವರ್ಷ ಜೂನ್‌ನಲ್ಲಿ ಪಾದ್ರಿ ವಿಲಿಯಂ ಮಾಂಪೆಸನ್ ಮತ್ತು ಹಿಂದಿನ ಪಾದ್ರಿ ಥಾಮಸ್ ಸ್ಟ್ಯಾನ್ಲಿ ಸೇರಿ ಜನರನ್ನು ಒಪ್ಪಿಸಿದರು: ರೋಗ ಸುತ್ತಲ ಹಳ್ಳಿಗಳಿಗೆ ಹರಡಬಾರದು, ಯಾರೂ ಊರು ಬಿಡಬಾರದು. ನಮ್ಮ ಕಡೆ ಪ್ಲೇಗ್ ಬಂದಾಗ ಊರಿಗೆ ಊರೇ ಖಾಲಿ ಮಾಡಿ ಹೊಲದಲ್ಲಿ ಗುಡಿಸಲು ಹಾಕಿಕೊಂಡಿದ್ದನ್ನು ಅಜ್ಜಿಯರು ಹೇಳುತ್ತಿದ್ದರು, ಅಲ್ವಾ? ಇವರು ಊರಲ್ಲೇ ಉಳಿದರು. ಸುಮಾರು 260 ಜನ ಸತ್ತರು. ಮಾಂಪೆಸನ್ ಹೆಂಡತಿ ಕ್ಯಾಥರೀನ್ ಕೂಡ. ಅವರ ಸಮಾಧಿ ಚರ್ಚ್ ಅಂಗಳದಲ್ಲೇ ಇದೆ.

ಸ್ಟೋನಿ ಮಿಡಲ್ಟನ್ ಕಡೆಗೆ ಹೋಗುವ ಕಾಲುದಾರಿಯಲ್ಲಿ ಗಡಿಕಲ್ಲು ಸಿಗುತ್ತದೆ. ದುಡ್ಡಿನಿಂದ ರೋಗ ಹರಡದಿರಲಿ ಅಂತ ಊರವರು ಅದರ ಗುಳಿಗಳಲ್ಲಿ ವಿನೆಗರ್ ಹಾಕಿ ದುಡ್ಡು ಇಡುತ್ತಿದ್ದರು, ಹೊರಗಿನವರು ಅದನ್ನು ತಗೊಂಡು ಊಟದ ಸಾಮಾನು ಇಟ್ಟು ಹೋಗುತ್ತಿದ್ದರು. ಆ ಗುಳಿಗಳಲ್ಲಿ ಬೆರಳಿಟ್ಟು ನೋಡಿ. ಊರಾಚೆ ರೈಲಿ ಸಮಾಧಿಗಳಿವೆ. ಎಲಿಜಬೆತ್ ಹ್ಯಾನ್ಕಾಕ್ ಎಂಬ ತಾಯಿ ಎಂಟೇ ದಿನಗಳಲ್ಲಿ ಗಂಡನನ್ನೂ ಆರು ಮಕ್ಕಳನ್ನೂ ಕಳೆದುಕೊಂಡು, ಎಲ್ಲರನ್ನೂ ತಾನೇ ಮಣ್ಣು ಮಾಡಿದ ಜಾಗ ಅದು. ನನಗೆ ಅಲ್ಲಿ ಈಗಲೂ ಮಾತು ಹೊರಡುವುದಿಲ್ಲ. ದಯವಿಟ್ಟು ಅಲ್ಲಿ ಸೆಲ್ಫಿ ಬೇಡ.

ಹಸಿರು ಫಲಕ ಹಾಕಿರುವ 'ಪ್ಲೇಗ್ ಮನೆ'ಗಳಲ್ಲಿ ಇವತ್ತೂ ಸಂಸಾರಗಳಿವೆ. ಫಲಕ ಓದಿ, ಸುಮ್ನೆ ಕಿಟಕಿಯೊಳಗೆ ಇಣುಕಬೇಡಿ. ಹೊಲದ ಗೇಟು ತೆಗೆದರೆ ಮತ್ತೆ ಹಾಕಿ, ಒಳಗೆ ಕುರಿಗಳಿರುತ್ತವೆ. ಎದುರು ಬಂದವರಿಗೆ 'ಮಾರ್ನಿಂಗ್' ಅನ್ನಿ.

ಹೋಗುವುದಾದರೆ ಆಗಸ್ಟ್ ಕೊನೆಯಲ್ಲಿ ಹೋಗಿ. ಕೊನೆಯ ಭಾನುವಾರ ಪ್ಲೇಗ್ ಸಂಡೇ. ಸೋಂಕಿಗೆ ಹೆದರಿ ಚರ್ಚ್ ಮುಚ್ಚಿದಾಗ ಬಯಲಲ್ಲಿ ಪ್ರಾರ್ಥನೆ ಮಾಡುತ್ತಿದ್ದ ಕಕ್ಲೆಟ್ ಡೆಲ್ಫ್ ಕಣಿವೆಯಲ್ಲೇ ಅವರನ್ನೆಲ್ಲ ನೆನೆಯುತ್ತಾರೆ. ಬಾವಿಗಳಿಗೆ ಹೂವಿನ ಅಲಂಕಾರವೂ ಆಗಲೇ. ಹಲಗೆಗೆ ಹಸಿ ಜೇಡಿಮಣ್ಣು ಮೆತ್ತಿ, ಒಂದೊಂದೇ ಎಸಳು ಒತ್ತಿ ಚಿತ್ರ ಮಾಡುತ್ತಾರೆ. ರಂಗೋಲಿ ಹಾಕಿ ಅಭ್ಯಾಸ ಇರುವವರಿಗೆ ಅದನ್ನು ನೋಡಿದರೆ ಕೈ ಸುಮ್ಮನಿರುವುದಿಲ್ಲ. ನಾನೂ ಸೇರಬಹುದಾ ಅಂತ ಒಂದು ಮಾತು ಕೇಳಿ. ನಾನು ಕೇಳಿದಾಗ ಒಬ್ಬ ಅಜ್ಜಿ ಪಕ್ಕಕ್ಕೆ ಸರಿದು ಜಾಗ ಕೊಟ್ಟು, ಹೈಡ್ರೇಂಜಿಯ ಎಸಳಿನ ಬುಟ್ಟಿ ನನ್ನ ಮುಂದಿಟ್ಟರು.