ಅವ್ವನಿಗೋಸ್ಕರ 'ಕಿಲ್ಲಾ'ಗೆ ಕನ್ನಡ ಸಬ್‌ಟೈಟಲ್ ಬರೆದೆ

ಅವ್ವನಿಗೆ ಇಂಗ್ಲಿಷ್ ಓದೋಕೆ ಬರುವುದಿಲ್ಲ, ಮರಾಠಿ ಅರ್ಧಂಬರ್ಧ ತಿಳಿಯುತ್ತದೆ. ಹಾಗಾಗಿ 'ಕಿಲ್ಲಾ' (ಅಂದರೆ ಕೋಟೆ) ಅನ್ನೋ ಮರಾಠಿ ಸಿನಿಮಾಗೆ ನಾನೇ ಸಬ್‌ಟೈಟಲ್ ಬರೆಯಲು ಕೂತೆ. ಮನೆಮಟ್ಟಿಗೆ, ಸುಮ್ನೆ.

ಅವಿನಾಶ್ ಅರುಣ್ ನಿರ್ದೇಶಿಸಿ, ಕ್ಯಾಮೆರಾವನ್ನೂ ತಾವೇ ಹಿಡಿದ ಸಿನಿಮಾ ಇದು. 2014ರಲ್ಲಿ ಬರ್ಲಿನ್ ಚಿತ್ರೋತ್ಸವದ ಮಕ್ಕಳ ವಿಭಾಗದಲ್ಲಿ ಕ್ರಿಸ್ಟಲ್ ಬೇರ್ ಪ್ರಶಸ್ತಿ ಗೆದ್ದಿತ್ತು. ಕಥೆಯಲ್ಲಿ ಅಪ್ಪ ತೀರಿಹೋಗಿದ್ದಾರೆ, ಸರ್ಕಾರಿ ನೌಕರಿಯ ಅಮ್ಮನಿಗೆ ಪುಣೆಯಿಂದ ಕೊಂಕಣದ ಸಣ್ಣ ಊರಿಗೆ ವರ್ಗವಾಗಿದೆ, 11 ವರ್ಷದ ಚಿನ್ಮಯ ಅವಳ ಹಿಂದೆ ಬಂದಿದ್ದಾನೆ. ಅಮ್ಮನಾಗಿ ಅಮೃತಾ ಸುಭಾಷ್. ಉಳಿದದ್ದೆಲ್ಲ ಮಳೆ, ಸಮುದ್ರ, ಪಾಚಿ ಹಿಡಿದ ಗೋಡೆ.

ಮೊದಲು ಇಂಗ್ಲಿಷ್ ಸಬ್‌ಟೈಟಲ್ ನೋಡಿಕೊಂಡು ಬರೆದೆ. ಕೆಟ್ಟದಾಗಿ ಬಂತು. ಮರಾಠಿಯಲ್ಲಿ ನೀನು, ನೀವು ಬೇರೆ ಬೇರೆ ಇವೆ, ಇಂಗ್ಲಿಷ್‌ನಲ್ಲಿ ಎಲ್ಲವೂ ಒಂದೇ, ಹಾಗಾಗಿ ಯಾರು ಯಾರಿಗೆ ಎಷ್ಟು ಹತ್ತಿರ ಅನ್ನೋದೇ ಅಳಿಸಿಹೋಗಿತ್ತು. ಅದನ್ನು ಬಿಸಾಕಿ, ಇಯರ್‌ಫೋನ್ ಹಾಕಿಕೊಂಡು ಮರಾಠಿಯನ್ನೇ ಕೇಳಿ ಬರೆದೆ. ಇನ್ನೊಂದು ಮಾತು: ಫೈಲನ್ನು ಯುಟಿಎಫ್-8ರಲ್ಲಿ, ಅಂದರೆ ಕನ್ನಡ ಅಕ್ಷರ ಕೆಡದಂತೆ ಇಡುವ ಎನ್‌ಕೋಡಿಂಗ್‌ನಲ್ಲಿ, ಉಳಿಸಿ. ನಾನು ಮರೆತು, ಟಿವಿ ತುಂಬ ಪ್ರಶ್ನಾರ್ಥಕ ಚಿಹ್ನೆ!

ತಲೆ ತಿಂದದ್ದು ಮಾತ್ರ ಚಿಕ್ಕ ಚಿಕ್ಕ ಪದಗಳು. ಚಿನ್ಮಯ ಅಮ್ಮನನ್ನು 'ಆಯಿ' ಅನ್ನುತ್ತಾನೆ. ನಮ್ಮ ಧಾರವಾಡದ ಎಷ್ಟೋ ಮನೆಗಳಲ್ಲಿ ಆಯಿ ಅಂದರೆ ಅಜ್ಜಿ, ಶಿರಸಿ ಕಡೆಯ ಹವ್ಯಕರಲ್ಲಿ ಅಮ್ಮ. ಕೊನೆಗೆ 'ಅಮ್ಮ' ಅಂತಲೇ ಹಾಕಿದೆ. ಮರಾಠಿಯ 'ಬದಲಿ'ಗೆ 'ವರ್ಗಾವಣೆ' ಅಂತ ಬರೆದಿದ್ದೆ, ಮನೆಯಲ್ಲಿ ಹಾಗೆ ಯಾರು ಮಾತಾಡುತ್ತಾರೆ? 'ವರ್ಗ' ಅಂತ ಚಿಕ್ಕದು ಮಾಡಿದೆ. ಅಪ್ಪನ ನೌಕರಿಯಿಂದ ಮೂರು ಊರು ತಿರುಗಿದವರು ನಾವು, ಆ ಪದ ಬಾಯಲ್ಲೇ ಇತ್ತು.

ಗೆಳೆಯರ ಜೊತೆ ಸೈಕಲ್ ತುಳಿದು ಕೋಟೆಗೆ ಹೋದ ಚಿನ್ಮಯ, ಮಳೆಯಲ್ಲಿ ಅಲ್ಲಿ ಒಬ್ಬನೇ ಉಳಿದುಬಿಡುತ್ತಾನೆ. ಆ ಭಾಗಕ್ಕೆ ಬಂದಾಗ ನನಗೆ ಬರೆಯಲು ಏನೂ ಇಲ್ಲ. ಕೈ ಸುಮ್ಮನಿರಲಿಲ್ಲ, 'ಮಳೆಯ ಸದ್ದು' ಅಂತ ಹಾಕಿದೆ. ಹಾಕಿದ ಕೂಡಲೇ ಕಣ್ಣು ಹುಡುಗನ ಮುಖ ಬಿಟ್ಟು ಕೆಳಗಿನ ಅಕ್ಷರಕ್ಕೆ ಹೋಯಿತು. ಅಳಿಸಿದೆ. ಆಮೇಲೆ ಬೇರೆ ಕಡೆಯೂ ಹಾಗೇ ಮಾಡಿದೆ, 'ಹೂಂ', 'ಅರೇ' ಎಲ್ಲ ತೆಗೆದೆ. ಅಪ್ಪನ ನೆನಪಿನ ದುಃಖವನ್ನು ಈ ಹುಡುಗ ಮಾತಿನಲ್ಲಿ ಜಾಸ್ತಿ ಹೇಳುವುದೇ ಇಲ್ಲ, ಅಲ್ವಾ?

ಭಾನುವಾರ ಮಧ್ಯಾಹ್ನ ತೋರಿಸಿದೆ. ಅವ್ವ ಅರ್ಧ ಗಂಟೆ ಓದಿದಳು, ಆಮೇಲೆ ಕನ್ನಡಕ ತೆಗೆದು ತೊಡೆಯ ಮೇಲಿಟ್ಟುಕೊಂಡು ಸುಮ್ನೆ ನೋಡುತ್ತಾ ಕೂತಳು. ಎರಡು ವಾರದ ನನ್ನ ಕೆಲಸ! ಕೊನೆಗೆ ಕೇಳಿದಳು, "ಆಕಿಗೆ ಮತ್ತ ಬದಲಿ ಆತೇನು?"