ಪೋಂಡಾ ಗುಡ್ಡದಲ್ಲಿ ಕೆಂಪು ನೀರು ನಿಲ್ಲಿಸಿದ್ದು ಹೀಗೆ

ಕಳೆದ ಮಳೆಗಾಲ ಪೂರ್ತಿ ಪೋಂಡಾ ಹತ್ತಿರದ ನಮ್ಮ ಸೈಟಿನಿಂದ ಕೆಳಗಿನ ಕುಳಾಗರಕ್ಕೆ, ಅಂದರೆ ಗುಡ್ಡದ ಬುಡದ ಅಡಿಕೆ ತೋಟಕ್ಕೆ, ಮಣ್ಣು ತುಂಬಿದ ಕೆಂಪು ನೀರು ಇಳಿಯಲಿಲ್ಲ. ಗೋವಾದ ಗುಡ್ಡಗಳಲ್ಲಿ ಕೆಲಸ ಮಾಡಿದವರಿಗೆ ಇದು ಎಂಥ ಮಾತು ಅಂತ ಗೊತ್ತು. ಮೂರೂವರೆ ಎಕರೆಯಷ್ಟು ಇಳಿಜಾರು. ಮೇಲೆ ಜಂಬಿಟ್ಟಿಗೆ, ಅದನ್ನು ಕೊರೆದರೆ ಶೇಡಿ ಅನ್ನುವ ನುಣುಪು ಜೇಡಿ ಮಣ್ಣು, ಬುಡದಲ್ಲಿ ಅಡಿಕೆ, ತೆಂಗು, ಕಾಳುಮೆಣಸಿನ ತೋಟ. ಹುಬ್ಬಳ್ಳಿಯಲ್ಲಿ ವರ್ಷವಿಡೀ ಬೀಳುವಷ್ಟು ಮಳೆ ಇಲ್ಲಿ ಜುಲೈ ಒಂದೇ ತಿಂಗಳಲ್ಲಿ ಬಿದ್ದುಬಿಡುತ್ತದೆ. "ಇಲ್ಲಿ ಏನು ಮಾಡಿದರೂ ನಿಲ್ಲಲ್ಲ, ಹೂಳು ತೆಗೆಸೋಕೆ ದುಡ್ಡು ಎತ್ತಿಡಿ" ಅಂತ ಎಲ್ಲರೂ ಹೇಳಿದರು. ಹಾವೇರಿ ಕಡೆಯ ನಮ್ಮ ಮೇಸ್ತ್ರಿ ಕೂಡ "ಸಾಹೇಬ್ರ, ನೀರಿನ ಜೋಡಿ ಜಗಳಾ ಬ್ಯಾಡ್ರಿ" ಅಂದಿದ್ದರು.

ಅವರ ಮಾತಿಗೆ ಕಾರಣ ಇತ್ತು. ನಾನು ಕೆಲಸ ಹಿಡಿಯುವ ಮೊದಲಿನ ವರ್ಷ ಅಲ್ಲಿ ಇನ್ನೊಬ್ಬ ಕಂತ್ರಾಟುದಾರರು ಇದ್ದರು. ಮೇ ತಿಂಗಳಲ್ಲಿ ಇಡೀ ಜಾಗವನ್ನು ಒಂದೇ ಸಲ ಬೋಳು ಮಾಡಿದ್ದರು. ಕೆಳಗಿನ ಗಡಿಗೆ ಹಸಿರು ಶೇಡ್ ನೆಟ್ ಕಟ್ಟಿ, ಮೂಲೆಯಲ್ಲಿ ಒಂದು ಹೊಂಡ ತೋಡಿ, ಇದೇ ಹೂಳು ತಡೆ ಅಂದಿದ್ದರು. ಶೇಡ್ ನೆಟ್ಟಿನ ಕಣ್ಣು ದೊಡ್ಡದು, ಶೇಡಿ ಮಣ್ಣು ಅದರಲ್ಲಿ ಸಲೀಸಾಗಿ ದಾಟುತ್ತದೆ. ಮೇಲಾಗಿ ನೆಟ್ ಓಡಿದ್ದು ಗಡಿ ಗೆರೆಯ ಉದ್ದಕ್ಕೆ. ಸಮಮಟ್ಟ ನೋಡಿ ಕಟ್ಟಿರಲಿಲ್ಲ. ನೀರೆಲ್ಲ ತಗ್ಗಿನ ಒಂದು ಕಡೆ ಸೇರಿ, ಜೂನ್ ಮುಗಿಯುವ ಮೊದಲೇ ಕಂಬ ಸಮೇತ ಕಿತ್ತುಕೊಂಡು ಹೋಯಿತು. ಭಾಟಕಾರರ (ಕೆಳಗಿನ ತೋಟದ ಒಡೆಯರ) ಕೆರೆಯಲ್ಲಿ ಮೊಣಕಾಲುದ್ದ ಹೂಳು. ಪಂಚಾಯಿತಿಗೆ ದೂರು, ಕೆಲಸ ಬಂದ್, ಜೆಸಿಬಿ, ಟಿಪ್ಪರ್, ತೋಟಕ್ಕೆ ಪರಿಹಾರ. ಸೈಟಿನ ಮಾಲೀಕರ ಪ್ರಕಾರ ಏಳೆಂಟು ಲಕ್ಷ ಹೋಗಿತ್ತು. ನಿಂತ ಕೆಲಸದ ಬಡ್ಡಿ ಬೇರೆ.

ನಾನು ಪ್ಲಾನ್ ಶುರು ಮಾಡಿದ್ದು ಹೊಂಡದಿಂದ ಅಲ್ಲ, ಮೇಲಿನಿಂದ. ಲೆಕ್ಕ ಸುಲಭ. ಒಂದು ದಿನ 100 ಮಿಲಿಮೀಟರ್ ಮಳೆ ಬಂದರೆ ಮೂರೂವರೆ ಎಕರೆ ಮೇಲೆ ಬೀಳುವ ನೀರು 1,400 ಘನ ಮೀಟರ್. ಎಕರೆಗೆ 100 ಘನ ಮೀಟರ್ ಅನ್ನುವ ರೂಢಿಯ ಲೆಕ್ಕದಲ್ಲಿ ಹೊಂಡ ಮಾಡಿದರೆ 350. ಅಂದರೆ ಒಂದೇ ದಿನದಲ್ಲಿ ಹೊಂಡ ನಾಲ್ಕು ಸಲ ತುಂಬುತ್ತದೆ. ಮರಳು ಕೂಡಲೇ ತಳ ಸೇರುತ್ತದೆ, ಸರಿ. ಶೇಡಿಯ ನುಣುಪು ಕಣ ಒಂದು ಮೀಟರ್ ಇಳಿಯಲು ದಿನಗಟ್ಟಲೆ ಬೇಕು. ಹಾಗಾದರೆ ಮಣ್ಣು ಎದ್ದ ಮೇಲೆ ಹಿಡಿಯುವುದಕ್ಕಿಂತ ಏಳದ ಹಾಗೆ ಮಾಡೋದೇ ದಾರಿ, ಅಲ್ವಾ?

ಮೊದಲ ಕೆಲಸ, ಸೈಟಿನ ಮೇಲಂಚಿನಲ್ಲಿ ಬದು ಮತ್ತು ಕಾಲುವೆ. ಗುಡ್ಡದ ತಲೆಯಿಂದ ಬರುವ ನೀರು ಶುದ್ಧವಾಗಿರುತ್ತದೆ. ಅದನ್ನು ನಮ್ಮ ಮಣ್ಣಿಗೆ ಮುಟ್ಟಲು ಬಿಡದೆ ಪಕ್ಕದ ಹಳ್ಳಕ್ಕೆ ತಿರುಗಿಸಿದೆವು. ಕಾಲುವೆ ಕೊನೆಯಲ್ಲಿ ದಪ್ಪ ಕಲ್ಲು ಹಾಸಿದ್ದೇವೆ, ಇಲ್ಲದಿದ್ದರೆ ಅಲ್ಲೇ ಹೊಸ ಕೊರಕಲು ಬೀಳುತ್ತದೆ. ಇದಕ್ಕೆ ಸುಮಾರು 40 ಸಾವಿರ ಬಿತ್ತು. ಇಡೀ ಸೈಟಿನಲ್ಲಿ ಇಷ್ಟು ಕಡಿಮೆ ದುಡ್ಡಿಗೆ ಇಷ್ಟು ಲಾಭ ಕೊಟ್ಟದ್ದು ಬೇರೊಂದಿಲ್ಲ.

ಎರಡನೆಯದು, ಜಾಗವನ್ನು ಹಂತ ಹಂತವಾಗಿ ಕೊರೆಯುವುದು. ಜೂನ್ ಒಂದಕ್ಕೆ ಬೋಳಾಗಿರುವ ಜಾಗ ಒಂದೂವರೆ ಎಕರೆ ಮೀರಬಾರದು ಅಂತ ಹಟ ಹಿಡಿದೆ. ಮಾಲೀಕರಿಗೆ ಇಷ್ಟ ಇರಲಿಲ್ಲ, ಪೊಕ್ಲೇನ್ (ಚೈನಿನ ಮೇಲೆ ಓಡುವ ಅಗೆಯುವ ಯಂತ್ರ) ಎರಡು ಸಲ ತರಿಸುವ ಖರ್ಚು ಅಂತ. ಎತ್ತಿದ ಮಣ್ಣನ್ನು ಎಲ್ಲೋ ಗದ್ದೆಗೆ ಸುರಿದು ಬರೋಣ ಅನ್ನುವ ಸಲಹೆಯೂ ಬಂತು. ಗೋವಾದ ಟೌನ್ ಆ್ಯಂಡ್ ಕಂಟ್ರಿ ಪ್ಲಾನಿಂಗ್ ಕಾಯ್ದೆಯ 17ಎ ಕಲಂ ಪ್ರಕಾರ ಗುಡ್ಡ ಕೊರೆಯಲಿಕ್ಕೂ ಅನುಮತಿ ಬೇಕು, ತಗ್ಗು ಜಾಗ ತುಂಬಲಿಕ್ಕೂ ಬೇಕು. ಆ ಮಾತು ಅಲ್ಲಿಗೇ ಬಿಟ್ಟು ಮಣ್ಣನ್ನು ಸೈಟಿನಲ್ಲೇ ಎತ್ತರದ ಕಡೆ ರಾಶಿ ಹಾಕಿ, ತಾಡಪತ್ರಿ ಹೊದಿಸಿ, ಸುತ್ತ ಗೋಣಿಚೀಲದ ಸಾಲು ಇಟ್ಟೆವು.

ಕೊರೆದ ಇಳಿಜಾರಿನ ಮೇಲೆ ಪೊಕ್ಲೇನನ್ನು ಮೇಲೆ ಕೆಳಗೆ ಓಡಿಸಿದೆವು. ಚೈನಿನ ಹಲ್ಲಿನ ಗುರುತು ಅಡ್ಡಡ್ಡ ಬೀಳುತ್ತದೆ, ಪ್ರತಿ ಗುರುತೂ ಒಂದು ಸಣ್ಣ ಬದು. ಬಕೆಟ್ಟಿನಿಂದ ನುಣ್ಣಗೆ ಸವರಿ ಚೆಂದ ಮಾಡುವ ಆಪರೇಟರುಗಳಿಗೆ ಇದು ಹಿಡಿಸಲ್ಲ. ನೀವೇ ನಿಂತು ಮಾಡಿಸಬೇಕು. ಅದರ ಮೇಲೆ ತೆಂಗಿನ ನಾರಿನ ಜಾಲರಿ, ಚದರ ಮೀಟರಿಗೆ 700 ಗ್ರಾಂ ತೂಗುವುದು. ಚದರ ಮೀಟರಿಗೆ ಸಾಗಣೆ ಸೇರಿ 75 ರೂಪಾಯಿ ಹತ್ತಿರ ಬಿತ್ತು ಅಂತ ನೆನಪು, ಎರಡು ಸಾವಿರ ಚದರ ಮೀಟರ್ ಹಿಡಿಯಿತು. ಜಾಲರಿ ಮಣ್ಣಿಗೆ ಅಂಟಿಕೊಂಡೇ ಇರಬೇಕು. ಎಲ್ಲಿ ಎದ್ದು ನಿಂತಿರುತ್ತದೋ ಅಲ್ಲಿ ಅದರ ಅಡಿಯಲ್ಲೇ ನೀರು ದಾರಿ ಮಾಡಿಕೊಳ್ಳುತ್ತದೆ. ಮೇಲಂಚನ್ನು ಚರಂಡಿಯಲ್ಲಿ ಹೂತು ಬಿಗಿ ಮಾಡುವುದು ಎಲ್ಲರಿಗೂ ಗೊತ್ತು. ಎರಡು ಹಾಳೆ ಸೇರುವಲ್ಲಿ ನಾವು ಹಾಕುವ ಗಂಟು ಮಾತ್ರ ನಮ್ಮದೇ. ಅದು ನನ್ನ ಹುಡುಗರ ಕೈಯ ಕೆಲಸ, ಇಲ್ಲಿ ಬಿಡಿಸಿ ಹೇಳಲ್ಲ.

ಸಪಾಟು ಜಾಗಕ್ಕೆ ಜಾಲರಿ ದುಬಾರಿ. ಅಲ್ಲಿಗೆ ಭತ್ತದ ಹುಲ್ಲು, ಎಕರೆಗೆ ಎರಡು ಟನ್. ಹಳಿಯಾಳದ ಕಡೆಯಿಂದ ಅನ್ಮೋಡ್ ಘಾಟ್ ಇಳಿಸಿ ತಂದೆವು. ಮೊದಲ ಗಾಳಿಗೇ ಅರ್ಧ ಹುಲ್ಲು ಹಾರಿ ಬೇಲಿಗೆ ಸೇರಿತು. ಆಮೇಲೆ ಗೂಟ ಹೊಡೆದು ನಾರು ಹಗ್ಗ ಅಡ್ಡ ಎಳೆದೆವು, ಆಗ ನಿಂತಿತು. ಹಗ್ಗಕ್ಕೆ ಹುಲ್ಲಿನಷ್ಟೇ ಖರ್ಚು ಆಯಿತು ಅನ್ನುವುದು ಬೇಸರದ ವಿಷಯ, ಆದರೆ ಬೇರೆ ದಾರಿ ಇಲ್ಲ.

ಬೀಜದ ಪ್ರಯೋಗವನ್ನೂ ಮಾಡಿದೆ. ಊರಿನಿಂದ ತಂದ ಹುರುಳಿ ಬೇಗ ಮೊಳೆಯಿತು. ಎಡೆಬಿಡದ ಮಳೆಗೆ ಹದಿನೈದು ದಿನದಲ್ಲಿ ಕೊಳೆತು ಹೋಯಿತು. ಪಕ್ಕದ ಪಟ್ಟಿಯಲ್ಲಿ ಹಾಕಿದ ರಾಗಿ ಚೆನ್ನಾಗಿ ಬಂತು. ಬರಲೇಬೇಕು, ಇಲ್ಲಿನ ಗುಡ್ಡದವರು ಮಳೆಗಾಲದಲ್ಲಿ ನಾಚಣಿ ಅಂತ ಬೆಳೆಯುವುದು ಅದನ್ನೇ. ಲಾವಂಚದ ಸಸಿ ಸಾಲು ಕೂಡ ಹಿಡಿದಿದೆ. ಬೇರು ಎರಡು ಮೂರು ಮೀಟರ್ ಇಳಿಯುತ್ತದೆ ನಿಜ, ಆದರೆ ಮೊದಲ ಮಳೆಗೆ ಅದರಿಂದ ಏನೂ ಸಿಗಲ್ಲ. ಮುಂದಿನ ವರ್ಷಗಳಿಗೆ ನೆಡಿ, ಈ ವರ್ಷಕ್ಕೆ ಅದನ್ನು ನಂಬಬೇಡಿ.

ಇಷ್ಟೆಲ್ಲ ಆದ ಮೇಲೆ ಹೊಂಡ. 20 ಮೀಟರ್ ಉದ್ದ, 10 ಮೀಟರ್ ಅಗಲ, ಎರಡು ಮೀಟರಿಗೆ ಸ್ವಲ್ಪ ಕಡಿಮೆ ಆಳ. ನೀರು ಒಂದು ತುದಿಯಿಂದ ಬಂದು ಇನ್ನೊಂದು ತುದಿಯಿಂದ ಹೋಗಬೇಕು. ನಡುವೆ ಉಳಿದ ನಾರಿನ ಜಾಲರಿಯನ್ನೇ ಮೂರು ಕಡೆ ಅಡ್ಡ ಕಟ್ಟಿದೆವು, ನೀರಿನ ಓಟ ಕುಗ್ಗಿತು. ಹೊರಹೋಗುವ ಪೈಪ್ ತಳದಲ್ಲಿ ಇಡಲಿಲ್ಲ. ಪಿವಿಸಿ ಪೈಪಿಗೆ ಮುಚ್ಚಿದ ಡಬ್ಬಿ ಕಟ್ಟಿ ತೇಲಿಬಿಟ್ಟೆವು, ಮೇಲಿನ ತಿಳಿ ನೀರು ಮಾತ್ರ ಎಳೆಯುತ್ತದೆ. ಒಂದು ಗೂಟಕ್ಕೆ ಅರ್ಧ ಆಳದಲ್ಲಿ ಕೆಂಪು ಬಣ್ಣ ಬಳಿದಿದ್ದೆವು. ಹೂಳು ಅಲ್ಲಿಗೆ ಬಂದರೆ ತೆಗೆಯಬೇಕು. ಇಡೀ ಮಳೆಗಾಲದಲ್ಲಿ ಒಮ್ಮೆ ಮಾತ್ರ ತೆಗೆಸಬೇಕಾಯಿತು, ಅದೂ ಆಗಸ್ಟಿನಲ್ಲಿ.

ಆದರೂ ಜೋರು ಮಳೆಯ ದಿನ ಹೊರಗೆ ಹೋಗುವ ನೀರು ಚಹಾದ ಬಣ್ಣಕ್ಕೆ ಬರುತ್ತಿತ್ತು. ಅದಕ್ಕೆ ಪಟಿಕ. ಸೈಟಿನ ನೀರನ್ನೇ ಬಾಟಲಿಗಳಲ್ಲಿ ತುಂಬಿ, ಬೇರೆ ಬೇರೆ ಪ್ರಮಾಣ ಹಾಕಿ ನೋಡಿದೆ. ಒಂದರಲ್ಲಿ ಅರ್ಧ ಗಂಟೆಗೆ ತಿಳಿಯಾಯಿತು. ಪಟಿಕ ಜಾಸ್ತಿ ಆದರೆ ನೀರು ಹುಳಿಯಾಗುತ್ತದೆ, ಕೆಳಗಿನ ಕೆರೆಯ ಮೀನಿಗೆ ಪೆಟ್ಟು. ಅದಕ್ಕೆ ಸುಣ್ಣ ಇಟ್ಟುಕೊಂಡು, ಹುಳಿ ಅಳೆಯುವ ಪಿಎಚ್ ಪಟ್ಟಿಯಲ್ಲಿ ನೋಡದೆ ಹೊರಗೆ ಬಿಡಲಿಲ್ಲ. ನನ್ನ ಪ್ರಮಾಣ ಹೇಳಿ ಉಪಯೋಗ ಇಲ್ಲ. ನಿಮ್ಮ ಮಣ್ಣು ಬೇರೆ, ಬಾಟಲಿ ಪರೀಕ್ಷೆ ನೀವೇ ಮಾಡಬೇಕು. ಹೊಂಡದ ಯಾವ ಜಾಗದಲ್ಲಿ ಪಟಿಕ ಬಿಡುತ್ತೇನೆ ಅನ್ನುವುದನ್ನೂ ನನ್ನ ಹತ್ತಿರವೇ ಇಟ್ಟುಕೊಳ್ಳುತ್ತೇನೆ.

ಒಟ್ಟು ಖರ್ಚು ನಾಲ್ಕೂಕಾಲು ಲಕ್ಷದ ಆಸುಪಾಸು. ಅದರಲ್ಲಿ ಜಾಲರಿ ಒಂದೂವರೆ, ಕೂಲಿ ಒಂದು ಲಕ್ಷದ ಮೇಲೆ, ಜೆಸಿಬಿ ಐವತ್ತು ಸಾವಿರ ಚಿಲ್ಲರೆ. ಹಿಂದಿನ ವರ್ಷದ ಏಳೆಂಟು ಲಕ್ಷದ ಮುಂದೆ ಇಟ್ಟು ನೋಡಿ. ಕೆಲಸವೂ ಒಂದು ದಿನ ಬಂದ್ ಆಗಲಿಲ್ಲ. ಭಾಟಕಾರರು ಸೆಪ್ಟೆಂಬರಿನಲ್ಲಿ ತಾವೇ ಸೈಟಿಗೆ ಬಂದು ಹೊಂಡ ನೋಡಿದರು. ತಮ್ಮ ತೋಟದ ಮೇಲಿನ ಅಂಚಿಗೂ ಅಂಥದೇ ಕಾಲುವೆ ಬೇಕು ಅಂತ ರೇಟು ಕೇಳಿದರು. ನಮ್ಮ ಮೇಸ್ತ್ರಿ ಈಗ ಬೇರೆ ಸೈಟಿನವರಿಗೆ ಜಾಲರಿ ಹಾಸುವುದನ್ನು ಹೇಳಿಕೊಡುತ್ತಿದ್ದಾರೆ.

ಈ ವರ್ಷ ಗೋವಾದಲ್ಲೇ ಕೇಪೆ ಕಡೆ ಇನ್ನೊಂದು ಗುಡ್ಡದ ಕೆಲಸ ಹಿಡಿದಿದ್ದೇನೆ. ಹುಲ್ಲಿಗೆ ಮೇ ತಿಂಗಳಲ್ಲಿ ರೇಟು ಏರುತ್ತದೆ. ಹಾಗಾಗಿ ಮಾರ್ಚಿನಲ್ಲೇ ಮುಂಗಡ ಕೊಟ್ಟು ಹಳಿಯಾಳದಲ್ಲಿ ಬಣವೆ ಹಾಕಿಸಿದ್ದೇನೆ.